ಪಿಯಾನೋ ಸುಮ್ಮನಾಗುವ ಜಾಗ

ನನಗೊಂದು ಅಭ್ಯಾಸವಿದೆಯಂತೆ. ‘ಅಂತೆ’ ಯಾಕೆಂದರೆ ಅದನ್ನು ಪತ್ತೆ ಹಚ್ಚಿದ್ದು ನಾನಲ್ಲ, ಆಸ್ಟಿನ್‌ನಲ್ಲಿ ಕಾಲೇಜು ಓದುತ್ತಿರುವ ನನ್ನ ಮಗಳು ಮೇಧಾ. ರಜೆಗೆಂದು ಕೇಟಿ ಊರಿನ ನಮ್ಮ ಮನೆಗೆ ಬಂದವಳು, ಸಾರಿಗೆ ಒಗ್ಗರಣೆ ಹಾಕುತ್ತಿದ್ದ ನನ್ನ ಬೆನ್ನ ಹಿಂದೆ ನಿಂತು, “ಅಮ್ಮಾ, ಯು ಡಿಡ್ ಇಟ್ ಅಗೇನ್” ಅಂದಳು. ಏನೇ ಮಾಡಿದೆ ಅಂದೆ. ಕೆಲಸ ಮಾಡುವಾಗ ನಾನು ಯಾವಾಗಲೂ ಒಂದೇ ಹಾಡು ಗುನುಗುತ್ತೇನಂತೆ. ಯಾವಾಗಲೂ ಅದೇ ಜಾಗಕ್ಕೆ ಬಂದು ನಿಲ್ಲಿಸುತ್ತೇನಂತೆ. ಸ್ವಲ್ಪ ಹೊತ್ತು ಬಿಟ್ಟು, ಏನೂ ಆಗದವಳ ಹಾಗೆ ಮುಂದಿನ ಸಾಲಿನಿಂದ ಎತ್ತಿಕೊಳ್ಳುತ್ತೇನಂತೆ. “ಲೈಕ್ ಎ ಕಮರ್ಷಿಯಲ್ ಬ್ರೇಕ್” ಎಂದು ನಕ್ಕಳು. ನಾನೂ ನಕ್ಕೆ. ಅಷ್ಟರಲ್ಲಿ ಸಾಸಿವೆ ಸೀದಿತ್ತು.

ನನ್ನ ಗುನುಗಿನ ಬಗ್ಗೆ ನಿಮಗೆ ಮೊದಲೇ ಹೇಳಿಬಿಡುವುದು ಒಳ್ಳೆಯದು. ನನಗೂ ಶ್ರುತಿಗೂ ಹುಟ್ಟಿದಾಗಿನಿಂದ ಮಾತಿಲ್ಲ. ಹುಟ್ಟಿದ್ದು ಮಾತ್ರ ಮೈಸೂರಿನ ಕಮಲಮ್ಮನ ಹೊಟ್ಟೆಯಲ್ಲಿ. ನಮ್ಮ ಅಗ್ರಹಾರದ ಸುತ್ತಮುತ್ತ ಯಾರ ಮನೆಯಲ್ಲಿ ಮದುವೆಯಾದರೂ ಹಸೆಗೆ ಕರೆಯುವ ಹಾಡು, ಆರತಿ ಹಾಡು, ಬೀಗರನ್ನು ಗೇಲಿ ಮಾಡುವ ಹಾಡು ಎಲ್ಲಕ್ಕೂ ಅಮ್ಮನೇ ಬೇಕು. ಅಂಥವಳ ಮಗಳು ಎಂಬ ಒಂದೇ ಕಾರಣಕ್ಕೆ ಅರಿಸಿನ ಕುಂಕುಮಕ್ಕೆ ಹೋದಲ್ಲೆಲ್ಲ “ಎಲ್ಲಿ ಪುಟ್ಟಿ, ಒಂದು ಹಾಡು ಹೇಳು” ಎಂದು ಜನ ನನ್ನನ್ನು ಹಿಡಿದು ಕೂರಿಸುತ್ತಿದ್ದರು. ಆಗೆಲ್ಲ ನನಗೆ ಕೆಮ್ಮು ಬರುತ್ತಿತ್ತು. ಕೊನೆಗೆ ಸಂಗೀತದ ಮೇಷ್ಟ್ರೇ ಅಮ್ಮನನ್ನು ಕರೆದು, “ಮಗು ಚೂಟಿಯಾಗಿದೆ, ಡ್ರಾಯಿಂಗ್‌ಗೆ ಸೇರಿಸಿ ತಾಯಿ” ಎಂದರು. ಅವತ್ತು ಸಂಜೆ ಅಮ್ಮ ನನ್ನ ಜಡೆಯನ್ನು ಬಹಳ ಬಿಗಿಯಾಗಿ ಹೆಣೆದಳು.

ಹಾಡಲು ಬರದಿದ್ದರೇನು, ಹಾಡು ಕೇಳಲು ನನ್ನಷ್ಟು ಒಳ್ಳೆಯ ಜಾಗ ಸಿಕ್ಕವರು ಯಾರೂ ಇಲ್ಲ. ಮದುವೆಮನೆಯಲ್ಲಿ ಅಮ್ಮನ ಬೆನ್ನಿಗೆ ಕಿವಿ ಆನಿಸಿಕೊಂಡು ಕೂರುತ್ತಿದ್ದೆ. ಹೊರಗೆ ಎಲ್ಲರಿಗೂ ಕೇಳುವ ಹಾಡು ನನಗೆ ಅವಳ ಬೆನ್ನಿನೊಳಗಿಂದ ಕೇಳಿಸುತ್ತಿತ್ತು, ರೇಷ್ಮೆ ಸೀರೆಯ ನಾಫ್ತಲಿನ್ ಗುಳಿಗೆ ವಾಸನೆಯ ಜತೆಗೆ. ಹೆಣ್ಣು ಒಪ್ಪಿಸುವ ಹೊತ್ತಿಗೆ ಅಮ್ಮ ಒಂದು ಹಾಡು ಹೇಳುತ್ತಿದ್ದಳು. ಅದು ಬೇರೆ ಯಾರಿಗೂ ಬರುತ್ತಿರಲಿಲ್ಲ. ಅದರಲ್ಲಿ ಮಗಳಿಗೆ ಬುದ್ಧಿಮಾತು ಇಲ್ಲ, ಅತ್ತೆಯ ಮನೆಯವರಿಗೆ ವಿನಂತಿ ಇಲ್ಲ. ತಾಯಿಯೊಬ್ಬಳು ಮಗಳಿಲ್ಲದ ನಾಳೆಯ ಮನೆಯನ್ನು ಸುಮ್ಮನೆ ನೋಡುತ್ತಾ ಹೋಗುತ್ತಾಳೆ: ‘ಬೆಳಗಿನ ಹೊಸ್ತಿಲಿಗೆ ರಂಗೋಲಿ ಯಾರು ಇಡುವರಮ್ಮ, ಬಾವಿಕಟ್ಟೆಯ ಮಲ್ಲಿಗೆಗೆ ನೀರು ಯಾರು ಎರೆವರಮ್ಮ.’ ಹಾಗೇ ಹಸು, ಕನ್ನಡಿ, ಹಿತ್ತಿಲ ಬಾಗಿಲು. ಪ್ರತಿ ಸಾಲೂ ‘ಅಮ್ಮ’ ಎಂದೇ ಮುಗಿಯುತ್ತದೆ, ನಮ್ಮ ಕಡೆ ತಾಯಂದಿರು ಮಗಳನ್ನೇ ಮುದ್ದಿಗೆ ಅಮ್ಮ ಅನ್ನುವ ಹಾಗೆ. ಆ ಒಂದು ಮಾತಿನ ಮೇಲೆ ಸ್ವರ ಮೇಲಿನಿಂದ ಜಾರಿ, ಎಲ್ಲೋ ನಡುವೆ ತಡೆದು, ನಡುಗಿ, ಆಮೇಲೆ ಕೆಳಗಿಳಿಯುತ್ತಿತ್ತು. ಆಗ ಅಡುಗೆಯವರು ಕೈ ಒರೆಸಿಕೊಳ್ಳುತ್ತಾ ಹೊರಗೆ ಬಂದು ನಿಲ್ಲುತ್ತಿದ್ದರು. ಮೀಸೆ ಹೊತ್ತ ಮಾವಂದಿರು ಚಪ್ಪರ ನೋಡುತ್ತಾ ಕಣ್ಣು ಒತ್ತಿಕೊಳ್ಳುತ್ತಿದ್ದರು.

ನಾನು ಮದುವೆಯಾಗಿ, ಗಂಡ ಶ್ರೀಧರನ ಕೆಲಸದ ದೆಸೆಯಿಂದ ಹ್ಯೂಸ್ಟನ್ ಪಕ್ಕದ ಕೇಟಿಗೆ ಬಂದ ಕೆಲವು ವರ್ಷಗಳಿಗೆ ಅಪ್ಪ ತೀರಿಕೊಂಡರು. ಅಮ್ಮ ಅಣ್ಣನ ಮನೆಯಲ್ಲಿ, ಮೊಮ್ಮಕ್ಕಳ ನಡುವೆ ಚೆನ್ನಾಗಿಯೇ ಇದ್ದಳು. ಆದರೆ ಅಪ್ಪ ಹೋದ ಮೇಲಿನ ಮೊದಲ ಮದುವೆಗೆ ಅವಳನ್ನು ಊಟಕ್ಕೆ ಕರೆದರೇ ಹೊರತು ಹಾಡಿಗೆ ಕರೆಯಲಿಲ್ಲ. ಹಸೆಯ ಹತ್ತಿರ ಬೇರೆ ಯಾರೋ ಮುತ್ತೈದೆ ಪುಸ್ತಕ ನೋಡಿಕೊಂಡು ಹಾಡಿದಳಂತೆ. ಅಮ್ಮ ಕಂಬದ ಹಿಂದಿನ ಕುರ್ಚಿಯಲ್ಲಿ ಕೂತಿದ್ದಳಂತೆ. ಯಾರೂ ಹಾಡಬೇಡಿ ಅನ್ನಲಿಲ್ಲ. ಹಾಡಿ ಅಂತಲೂ ಅನ್ನಲಿಲ್ಲ. ಮಂಗಳಕಾರ್ಯದ ಹಾಡು ಮುತ್ತೈದೆಯ ಬಾಯಲ್ಲೇ ಬರಬೇಕು ಎನ್ನುವುದನ್ನು ಅಮ್ಮನಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ, ಅದನ್ನು ಎಲ್ಲರಿಗಿಂತ ಹೆಚ್ಚು ನಂಬಿದ್ದವಳು ಅವಳೇ. ನನ್ನ ಕೋಪಕ್ಕೆ ಒಂದು ಮುಖ ಸಿಗದೇ ಹೋದದ್ದು ಅದಕ್ಕೇ. ಅಮ್ಮ ಮದುವೆ ಹಾಡು ಬಿಟ್ಟಳು, ಅದರ ಹಿಂದೆಯೇ ದೇವರ ಹಾಡು ಬಿಟ್ಟಳು, ಕೊನೆಗೆ ಪಾತ್ರೆ ತೊಳೆಯುವಾಗಿನ ಗುನುಗನ್ನೂ ಬಿಟ್ಟಳು. ಫೋನ್ ಕಾರ್ಡು ಉಜ್ಜಿ ಮಾತಾಡಿಸಿದಾಗಲೆಲ್ಲ, “ಅಮ್ಮ ತುಂಬಾ ಸೈಲೆಂಟ್ ಆಗಿಬಿಟ್ಟಿದಾಳೆ ಕಣೇ” ಅನ್ನುತ್ತಿದ್ದ ಅಣ್ಣ. ಅವಳನ್ನು ಆರು ತಿಂಗಳ ಮಟ್ಟಿಗೆ ಇಲ್ಲಿಗೆ ಕರೆಸಿಕೊಂಡೆ.

ನಮ್ಮ ಪಕ್ಕದ ಮನೆಯಲ್ಲಿ ಆಗ ಮಾರ್ಗರೆಟ್ ಎಂಬ ಇಂಗ್ಲಿಷ್ ಹೆಂಗಸು ಇದ್ದರು. ಗಂಡನ ತೈಲ ಕಂಪನಿಯ ಕೆಲಸಕ್ಕಾಗಿ ಇಂಗ್ಲೆಂಡಿನಿಂದ ಬಂದವರು. ಗಂಡ ಇಲ್ಲಿಯೇ ತೀರಿಹೋದರು. ಅವರ ಗೋರಿ ಇಲ್ಲಿದೆ ಎನ್ನುವುದನ್ನು ಬಿಟ್ಟರೆ ಟೆಕ್ಸಸ್ಸಿನಲ್ಲಿ ಮಾರ್ಗರೆಟ್‌ಗೆ ಇನ್ಯಾವ ಕಾರಣವೂ ಉಳಿದಿರಲಿಲ್ಲ. ಬೀದಿಯ ಮಕ್ಕಳಿಗೆಲ್ಲ ಪಿಯಾನೋ ಹೇಳಿಕೊಡುತ್ತಿದ್ದರು, ಅವರಲ್ಲಿ ನಮ್ಮ ಮೇಧಾ ಒಬ್ಬಳು. ಆಗವಳು ಐದನೇ ಕ್ಲಾಸು. ಅವಳನ್ನು ಪಾಠಕ್ಕೆ ಕರೆದುಕೊಂಡು ಹೋಗಿ ಬರುವ ಕೆಲಸವನ್ನು ಅಮ್ಮನಿಗೆ ವಹಿಸಿದೆ. ಮೊದಲನೆಯ ದಿನವೇ ಬಂದು, “ಈ ದೇಶದಲ್ಲಿ ಕಾಫಿ ಟೀಗೆ ಹಾಲು ಹಾಕಿ ಕೊಡೋ ಮನೆ ಇದೊಂದೇ ಕಣೇ” ಎಂದು ಸರ್ಟಿಫಿಕೇಟು ಕೊಟ್ಟಳು. ಐಸ್ ತುಂಬಿದ ಟೀಯನ್ನು ಅಮ್ಮ ಟೀ ಎಂದು ಕೊನೆಯವರೆಗೂ ಒಪ್ಪಲಿಲ್ಲ.

ಪಾಠ ಮುಗಿದ ಮೇಲೆ ಮಾರ್ಗರೆಟ್ ತಮಗಾಗಿ ಒಂದು ಹಾಡು ಹಾಡಿಕೊಳ್ಳುವುದು ರೂಢಿ. ಎಲ್ಲವೂ ಅವರ ದೇಶದ ಹಳ್ಳಿ ಹಾಡುಗಳು, ಇಲ್ಲವೇ ಅವರ ಕವಿಗಳ ಪದ್ಯಗಳು. ಬ್ರಿಟನ್ನಿನ ಶಾಸ್ತ್ರೀಯ ಸಂಗೀತದ ದೊಡ್ಡ ದೊಡ್ಡವರು ಒಂದು ಕಾಲದಲ್ಲಿ ಸೈಕಲ್ ಏರಿ ಹಳ್ಳಿ ತಿರುಗಿ, ಕುರಿ ಕಾಯುವ ಮುದುಕರು, ಬಟ್ಟೆ ಒಗೆಯುವ ಮುದುಕಿಯರು ಹಾಡುತ್ತಿದ್ದುದನ್ನು ಸ್ವರ ಹಾಕಿ ಬರೆದುಕೊಂಡರಂತೆ. ಆಮೇಲೆ ಅದಕ್ಕೆ ಪಿಯಾನೋ ಜೋಡಿಸಿ ಸಭೆಗಳಲ್ಲಿ ಹಾಡಿಸಿದರಂತೆ. ಅದೇ ಗುಂಗಿನಲ್ಲಿ ಕವಿತೆಗಳಿಗೂ ರಾಗ ಹಾಕಿದರಂತೆ. ಹಾಗೆ ರಾಗ ಹಾಕಿದ ಹುಡುಗರಲ್ಲಿ ಕೆಲವರು ಯುದ್ಧಕ್ಕೆ ಹೋಗಿ ತಿರುಗಿ ಬರಲೇ ಇಲ್ಲವಂತೆ. ಇದನ್ನೆಲ್ಲ ನಾನು ತಿಳಿದದ್ದು ಬೇಲಿಯ ಆಚೆ ಈಚೆ ನಿಂತು. ನಮ್ಮಲ್ಲಿ ಹಾರ್ಮೋನಿಯಂ ಇಟ್ಟುಕೊಂಡು ಭಾವಗೀತೆಯವರು ಮಾಡುವ ಕೆಲಸವೇ ಅಲ್ಲವೇ ಅನ್ನಿಸಿತು. ಅಮ್ಮನಿಗೂ ಹೇಳಿದೆ. ಅವಳು ಯೋಚನೆ ಮಾಡಿ, “ಅಲ್ವೇ, ಪುಸ್ತಕದ ಮೇಲೆ ಯಾರ ಹೆಸರು ಹಾಕಿರ್ತಾರೆ? ಆ ಬಟ್ಟೆ ಒಗೆಯೋಳದ್ದೋ, ಸೈಕಲ್ಲಿನವನದ್ದೋ?” ಎಂದು ಕೇಳಿದಳು. ಸೈಕಲ್ಲಿನವನದ್ದೇ ಅಂದೆ. “ಪಾಪ” ಅಂದಳು.

ಆ ಹಾಡುಗಳ ಅರ್ಥ ಅಮ್ಮನಿಗೆ ತಲುಪುತ್ತಿದ್ದದ್ದು ಮೇಧಾಳ ಮೂಲಕ. ಅಂದರೆ ತಲುಪುತ್ತಿರಲಿಲ್ಲ. ಕನ್ನಡ ಪೂರ್ತಿ ಅರ್ಥವಾಗುವ, ಇಂಗ್ಲಿಷಿನಲ್ಲೇ ಉತ್ತರ ಕೊಡುವ ಮಗು ಅದು.

“ಏನಂತೆ ಪುಟ್ಟಾ ಈ ಹಾಡು?”

“ಇಟ್ಸ್ ಅಬೌಟ್ ಎ ಹಾರ್ಸ್, ಅಜ್ಜಿ. ಗೇಟ್ ಹತ್ರ ವೇಯ್ಟ್ ಮಾಡತ್ತೆ. ಬಟ್ ದ ಬಾಯ್ ಡೈಡ್.”

“ಹೋದ ವಾರದ್ದು?”

“ದಟ್ ಗರ್ಲ್ ಡೈಡ್ ಟೂ.”

“ರಾಮ ರಾಮ! ಇವರ ಹಾಡಿನಲ್ಲಿ ಒಂದು ಮದುವೆನೂ ಆಗಲ್ವೇನೇ?” ಎಂದು ಅಮ್ಮ ಮನೆಗೆ ಬಂದು ನನ್ನನ್ನು ಕೇಳಿದಳು. ಆಮೇಲೆ, ಅಕ್ಕಿ ಆರಿಸುತ್ತಾ, “ಆ ಕುದುರೆ ಹಾಡು ಥೇಟ್ ಮಧ್ಯಮಾವತಿ ಕಣೇ. ಮಂಗಳ ಹಾಡೋ ರಾಗದಲ್ಲಿ ಸಾವಿನ ಹಾಡು ಹೇಳ್ತಾರಲ್ಲ” ಅಂದಳು. ಸ್ವಲ್ಪ ಹೊತ್ತಿನ ಮೇಲೆ, ತಲೆ ಎತ್ತದೆ ಇನ್ನೊಂದು ಮಾತು ಕೇಳಿದಳು: “ಅವರಲ್ಲಿ ಗಂಡ ಹೋದ ಮೇಲೂ ಹಾಡಬಹುದಂತಾ?”

ಹಾಡಬಹುದಮ್ಮ, ನೀನೂ ಹಾಡಬಹುದು ಅಂದೆ. ಅಮ್ಮ ಅಕ್ಕಿಯಲ್ಲಿ ಇಲ್ಲದ ಕಲ್ಲನ್ನು ಹುಡುಕತೊಡಗಿದಳು. ಅಮೆರಿಕದ ಅಕ್ಕಿಯಲ್ಲಿ ಕಲ್ಲಿರುವುದಿಲ್ಲ ಎಂದು ಅವಳಿಗೆ ಗೊತ್ತಾಗಿ ಆಗಲೇ ತಿಂಗಳಾಗಿತ್ತು.

ಅಷ್ಟರಲ್ಲಿ ಡಾಲಸ್‌ನಿಂದ ಸುಧಾ ಫೋನ್ ಮಾಡಿದಳು. ಅವಳು ಮೈಸೂರಿನಲ್ಲಿ ನಮ್ಮ ಬೀದಿಯವಳೇ, ನನಗಿಂತ ಹತ್ತು ಹನ್ನೆರಡು ವರ್ಷ ದೊಡ್ಡವಳು. ಅವಳನ್ನು ಗಂಡನ ಮನೆಗೆ ಒಪ್ಪಿಸಿದಾಗ ಹಾಡಿದ್ದು ಅಮ್ಮನೇ. ಈಗ ಅವಳ ಮಗಳ ಮದುವೆ ಡಾಲಸ್‌ನಲ್ಲಿ. “ಕಮಲಮ್ಮನೋರೇ, ನೀವು ಇಲ್ಲೇ ಇದೀರ ಅಂತ ಗೊತ್ತಾದ ಮೇಲೆ ನಾನು ಬೇರೆ ಯಾರನ್ನ ಕೇಳಲಿ? ಒಪ್ಪಿಸೋ ಹಾಡು ನೀವೇ ಹೇಳ್ಬೇಕು. ಇಲ್ಲಿ ಯಾರಿಗೂ ಬರಲ್ಲ, ಸೀಡಿ ಹಾಕ್ಬೇಕಾಗತ್ತೆ ಅಷ್ಟೇ” ಎಂದಳು. ಸ್ಪೀಕರ್ ಫೋನಿನಲ್ಲಿ ನಾವೆಲ್ಲ ಕೇಳಿಸಿಕೊಳ್ಳುತ್ತಿದ್ದೆವು. ಅಮ್ಮನ ಹಾಡಿಗೆ ತಿರುಗಿ ಬಾಗಿಲು ತೆರೆಯುವುದಾದರೆ ಅದು ಇದೇ ಎಂದು ನನಗೆ ಗೊತ್ತಿತ್ತು. ಇದು ಮುಚ್ಚಿದರೆ ಇನ್ನೊಂದು ಇರಲಿಲ್ಲ. ಅವಳಿಂದ ಕಲಿಯಬೇಕಿದ್ದ ಒಬ್ಬಳೇ ಮಗಳು ಡ್ರಾಯಿಂಗ್ ಕ್ಲಾಸಿಗೆ ಹೋದವಳು.

“ನಿನ್ನ ಮಗಳ ಶುಭಕಾರ್ಯ ಸುಧಾ. ನಾನು ಹಾಡೋದು ಬೇಡ” ಅಂದಳು ಅಮ್ಮ, ಮೆಲ್ಲಗೆ. ಆಮೇಲೆ ದನಿ ಬದಲಾಯಿತು. “ಆದರೆ ಹೆಣ್ಣು ಒಪ್ಪಿಸೋದಕ್ಕೆ ಸೀಡಿ ಹಾಕ್ತೀಯಾ? ಬಿಡ್ತು ಅನ್ನು. ಮೇಧಾ ಹಾಡ್ತಾಳೆ.”

ಮೇಧಾ ಕಣ್ಣು ಬಿಟ್ಟಳು. ನಾನೂ ಬಿಟ್ಟೆ.

ಈಗ ತೊಡಕು ನೋಡಿ: ಹೇಳಿಕೊಡಬೇಕಾದರೆ ಹಾಡಬೇಕು, ಹಾಡುವುದಿಲ್ಲ ಎಂದು ಅಮ್ಮನ ಹಟ. ಅದಕ್ಕವಳು ಕಂಡುಕೊಂಡ ಉಪಾಯ ಮಾರ್ಗರೆಟ್‌ರ ಪಿಯಾನೋ. ಮಾತುಗಳನ್ನು ಮಗ್ಗಿ ಒಪ್ಪಿಸುವಂತೆ ಬಾಯಲ್ಲಿ ಹೇಳುವುದು, ರಾಗವನ್ನು ಒಂದೇ ಬೆರಳಿನಲ್ಲಿ ಪಿಯಾನೋದ ಮೇಲೆ ತಡಕಾಡಿ ತೋರಿಸುವುದು. “ಇದು ಹಾಡೋದಲ್ವಲ್ಲ, ತೋರಿಸೋದು” ಎಂದು ನನಗೆ ಸಮಜಾಯಿಷಿ ಕೊಟ್ಟಳು. ಒಂದು ದಿನ ಆಫೀಸಿನಿಂದ ಬೇಗ ಬಂದು ನಾನೂ ಹೋಗಿ ನೋಡಿದೆ. ಅಮ್ಮ ಹತ್ತಿಸೀರೆಯ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, ತೋರುಬೆರಳೊಂದನ್ನು ಚಾಚಿ, ಒಲೆ ಬಿಸಿಯಾಗಿದೆಯೇ ಎಂದು ಮುಟ್ಟಿ ನೋಡುವವಳ ಹಾಗೆ ಪಿಯಾನೋದ ಒಂದೊಂದೇ ಸ್ವರದ ಮನೆ ಒತ್ತುತ್ತಿದ್ದಳು. ಪಕ್ಕದಲ್ಲಿ ಮಾರ್ಗರೆಟ್ ಗೆರೆ ಹಾಕಿದ ಹಾಳೆಯ ಮೇಲೆ ಪೆನ್ಸಿಲ್ಲಿನಿಂದ ಚುಕ್ಕೆ ಇಡುತ್ತಿದ್ದರು, ಸೈಕಲ್ಲು ಇರಲಿಲ್ಲ ಅಷ್ಟೇ. ಈ ಹಾಡು ಯಾರದ್ದು ಎಂದು ಬರೆಯಲಿ ಎಂದು ಅವರು ಕೇಳಿದರು. ನಾನು ಅನುವಾದಿಸಿದೆ.

“ನಮ್ಮಮ್ಮ ಹಾಡ್ತಿದ್ಲು. ಅವಳಿಗೆ ಅವಳ ಅತ್ತೆ ಹೇಳಿಕೊಟ್ಟಿದ್ದು. ಅವರಿಗೆ ಯಾರೋ. ಎಲ್ಲಾರ ಹೆಸರು ಬರೆಯಕ್ಕೆ ಹೋದ್ರೆ ಹಾಳೆ ಸಾಲಲ್ಲ ಅಂತ ಹೇಳು” ಎಂದು ಅಮ್ಮ ನಕ್ಕಳು. ಅಪ್ಪ ಹೋದ ಮೇಲೆ ಅವಳು ಹಾಗೆ ನಕ್ಕದ್ದನ್ನು ನಾನು ಕಂಡಿರಲಿಲ್ಲ. ಮಾರ್ಗರೆಟ್ ಹಾಳೆಯ ಮೇಲ್ಭಾಗವನ್ನು ಖಾಲಿ ಬಿಟ್ಟರು.

ಡಾಲಸ್ಸಿಗೆ ನಾವು ಕಾರಿನಲ್ಲೇ ಹೊರಟೆವು. ದಾರಿಯಲ್ಲಿ ಹೈವೇ ಪಕ್ಕ ಮರಗಳ ಮೇಲಕ್ಕೆದ್ದ ಒಂದು ಭಾರಿ ಬಿಳಿ ಪ್ರತಿಮೆ ಸಿಗುತ್ತದೆ, ಟೆಕ್ಸಸ್ಸಿನ ಹಳೆಯ ನಾಯಕರೊಬ್ಬರದು. ಅಮ್ಮ ಯಾರು ಏನು ಎಂದು ಕೇಳದೆ ಕೈ ಮುಗಿದಳು. “ಅಷ್ಟು ಎತ್ತರ ನಿಲ್ಲಿಸಿದಾರೆ ಅಂದ್ರೆ ಯಾರೋ ಪುಣ್ಯಾತ್ಮ” ಅಂದಳು. ಮದುವೆ ನಡೆದದ್ದು ಒಂದು ಹೋಟೆಲ್ಲಿನ ಸಭಾಂಗಣದಲ್ಲಿ. ಹೊಗೆ ಎದ್ದರೆ ಅಲಾರಂ ಹೊಡೆದುಕೊಳ್ಳುತ್ತದೆ ಎಂದು ಹೋಮವನ್ನು ಅಂಗೈ ಅಗಲದ ಅಲ್ಯುಮಿನಿಯಂ ತಟ್ಟೆಯಲ್ಲಿ ಮುಗಿಸಿದರು. ಪುರೋಹಿತರು ತುಪ್ಪವನ್ನು ಔಷಧಿಯಂತೆ ಹನಿಸುತ್ತಿದ್ದರು. ಅಮ್ಮ ತಾನೇ ಹುಡುಕಿಕೊಂಡು ಹೋಗಿ ಹಿಂದಿನ ಸಾಲಿನ ಗೋಡೆ ಪಕ್ಕದ ಕುರ್ಚಿಯಲ್ಲಿ ಕೂತಳು. ಸುಧಾ ಬಂದು ಕೈ ಹಿಡಿದು ಎಳೆದಳು. “ಇಲ್ಲಿಂದ ಚೆನ್ನಾಗಿ ಕೇಳ್ಸತ್ತಮ್ಮ, ನೀನು ಹೋಗು, ಅಲ್ಲಿ ಕಾಯ್ತಿದಾರೆ” ಎಂದು ಅಮ್ಮ ಅವಳನ್ನು ಕಳಿಸಿಬಿಟ್ಟಳು.

ಮೇಧಾ ಹಾಡಿದಳು. ಒಂದಕ್ಷರ ತಪ್ಪಲಿಲ್ಲ, ಒಂದು ಸ್ವರ ತಪ್ಪಲಿಲ್ಲ. ಪಿಯಾನೋದಿಂದ ಕಲಿತ ಹಾಡು ಪಿಯಾನೋದ ಹಾಗೇ ಬಂತು, ಮೆಟ್ಟಿಲು ಇಳಿದ ಹಾಗೆ, ಸ್ಪಷ್ಟವಾಗಿ. ಸುಧಾ ಅತ್ತಳು. ಮದುಮಗಳು ಅರ್ಧ ಅರ್ಥವಾಗಿ ಅರ್ಧ ಅರ್ಥವಾಗದೆ ಅತ್ತಳು. ನಾನು ಹಿಂದಕ್ಕೆ ತಿರುಗಿ ನೋಡುತ್ತಲೇ ಇದ್ದೆ. ಯಾವುದಾದರೂ ಒಂದು ಸಾಲಿಗೆ ಅಮ್ಮ ಬಾಯಿ ತೆರೆದಾಳು ಎಂದು ಕಾದೆ. ಅವಳ ತುಟಿ ಅಲುಗುತ್ತಿತ್ತು. ದನಿ ಬರಲಿಲ್ಲ. ಹಾಡು ಮುಗಿಯಿತು, ಚಪ್ಪಾಳೆ ಆಯಿತು, ಜನ ಊಟದ ಕಡೆ ಹೊರಟರು. ನಾನು ಬಾತ್‌ರೂಮಿಗೆ ಹೋಗಿ ಮುಖ ತೊಳೆದುಕೊಂಡು ಬಂದೆ.

ಮಾರನೆಯ ದಿನ ವಾಪಸು ಬರುವಾಗ, ಎರಡೂ ಕಡೆ ದನ ಮೇಯುವ ಬಯಲು ಬಿಟ್ಟರೆ ಏನೂ ಇಲ್ಲದ ದಾರಿಯಲ್ಲಿ, ಹಿಂದಿನ ಸೀಟಿನಿಂದ ಮೇಧಾ ಕೇಳಿದಳು, “ಅಜ್ಜಿ, ಡಿಡ್ ಐ ಗೆಟ್ ಇಟ್ ರೈಟ್?”

“ತುಂಬಾ ಚೆನ್ನಾಗಿ ಹಾಡಿದೆ ಬಂಗಾರ. ಒಂದೇ ಒಂದು ಜಾಗ. ಅಲ್ಲಿ ನೇರ ಇಳೀಬಾರದು.”

“ವೇರ್?”

ಅಮ್ಮ ಹೇಳಲು ಹೋದಳು. ಬೆರಳನ್ನು ಗಾಳಿಯಲ್ಲಿ ಜಾರಿಸಿ ತೋರಿಸಿದಳು. ಮಗುವಿಗೆ ತಿಳಿಯಲಿಲ್ಲ. ಅಲ್ಲಿ ಪಿಯಾನೋ ಇರಲಿಲ್ಲ. ಆಗ ಅಮ್ಮ ಹಾಡಿದಳು. ‘ಬೆಳಗಿನ ಹೊಸ್ತಿಲಿಗೆ ರಂಗೋಲಿ ಯಾರು ಇಡುವರಮ್ಮ.’ ದನಿ ತುಕ್ಕು ಹಿಡಿದಿತ್ತು. ಆದರೆ ಆ ಕೊನೆಯ ಮಾತಿಗೆ ಬಂದಾಗ ಅದೇ ಜಾರು, ಅದೇ ನಡುವಿನ ತಡೆ, ಅದೇ ನಡುಕ. ಶ್ರೀಧರ ರೇಡಿಯೋ ಆರಿಸಿದ. ನಾನು ಮುಂದಿನ ಸೀಟಿನಲ್ಲಿ ಬೆನ್ನು ಒತ್ತಿ ಕೂತು, ಸೀಟಿನ ಮೂಲಕವಾದರೂ ಅವಳ ದನಿ ನನ್ನ ಬೆನ್ನಿಗೆ ಬರಲಿ ಎಂದು ಆಸೆಪಟ್ಟೆ. ಅಷ್ಟು ದೊಡ್ಡವಳಾಗಿ ಎಂಥ ಹುಚ್ಚಾಟ ಅನ್ನಬೇಡಿ.

“ಮುಂದಿನ ಲೈನ್, ಅಜ್ಜಿ?”

“ಅಷ್ಟೇ. ತಿದ್ದಕ್ಕೆ ಅಷ್ಟು ಸಾಕು” ಅಂದು ಅಮ್ಮ ಕಿಟಕಿಯಾಚೆ ದನಗಳನ್ನು ನೋಡತೊಡಗಿದಳು. ಅಪ್ಪ ಹೋದ ಮೇಲೆ ನಾನು ಕೇಳಿದ ಅಮ್ಮನ ಹಾಡು ಅದೊಂದೇ ಸಾಲು.

ಮುಂದಿನ ಪಾಠದ ದಿನ ಮೇಧಾ ಆ ಜಾಗವನ್ನು ತನಗೆ ತಿಳಿದಷ್ಟು ಹಾಡಿ ತೋರಿಸಿದಳಂತೆ. ಮಾರ್ಗರೆಟ್ ಪಿಯಾನೋದ ಎರಡು ಸ್ವರದ ಮನೆಗಳ ನಡುವೆ ಬೆರಳಿಟ್ಟು ಒತ್ತಿ, ಸಿಗುತ್ತಿಲ್ಲ ಎಂದು ತಲೆ ಆಡಿಸಿದರಂತೆ. ಬೇಲಿಯ ಹತ್ತಿರ ನನಗೂ ಹೇಳಿದರು: ಇದು ನನ್ನ ಪಿಯಾನೋದೊಳಗೆ ಇಲ್ಲ. ನಮ್ಮ ಇಂಗ್ಲೆಂಡಿನ ಹಳ್ಳಿ ಮುದುಕರೂ ಹೀಗೆ ನಡುವೆ ಎಲ್ಲೋ ಹಾಡುತ್ತಿದ್ದರಂತೆ. ಬರೆದುಕೊಳ್ಳಲು ಹೋದವರು ಹತ್ತಿರದ ಸ್ವರ ಯಾವುದೋ ಅದನ್ನು ಬರೆದುಕೊಂಡರು. ಆಮೇಲೆ ಬಂದ ನಾವು ಆ ಹತ್ತಿರದ ಸ್ವರವನ್ನೇ ಹಾಡು ಎಂದುಕೊಂಡೆವು. ನಿಮ್ಮ ತಾಯಿ ಬಂದು ಅಷ್ಟನ್ನು ಮಾತ್ರ ಹಾಡಿಯಾರೇ ಎಂದರು. ನಾನು ಅಮ್ಮನನ್ನು ಕೇಳಿದೆ. ಅಮ್ಮ ಇಲ್ಲವೆಂದು ತಲೆ ಆಡಿಸಿ, ಅವರಿಗೆ ಕೊಡು ಎಂದು ಒಂದು ಡಬ್ಬಿ ಕೋಡುಬಳೆ ಕೊಟ್ಟಳು.

ಆರು ತಿಂಗಳು ಮುಗಿದು ಅಮ್ಮ ಮೈಸೂರಿಗೆ ಹೋದಳು. ಅವಳು ತೀರಿಕೊಂಡ ಸುದ್ದಿ ಕೆಲವು ವರ್ಷಗಳ ಮೇಲೆ ಬಂದಾಗ ನಾನು ಹ್ಯೂಸ್ಟನ್ ಪಕ್ಕದ್ದೇ ಆದ ಮಿಸೌರಿ ಸಿಟಿಯ ಇಂಡಿಯನ್ ಅಂಗಡಿಯಲ್ಲಿ ಮೆಂತ್ಯದ ಸೊಪ್ಪು ಆರಿಸುತ್ತಿದ್ದೆ. ನಿದ್ದೆಯಲ್ಲೇ ಹೋದಳು ಕಣೇ ಅಂದ ಅಣ್ಣ. ಸೊಪ್ಪಿನ ಕಟ್ಟನ್ನು ಕೈಯಲ್ಲಿ ಹಿಡಿದೇ ಕಾರಿಗೆ ಬಂದು ಕೂತಿದ್ದೆ, ದುಡ್ಡು ಕೊಟ್ಟಿಲ್ಲವೆಂದು ಅಂಗಡಿಯವನು ಹಿಂದೆ ಬಂದು, ನನ್ನ ಮುಖ ನೋಡಿ, ಹಾಗೇ ಹಿಂತಿರುಗಿದ. ನಾನು ಮೈಸೂರು ತಲುಪಿದಾಗ ಎಲ್ಲ ಮುಗಿದಿತ್ತು. ಯಾರೂ ಹಾಡದೆ ಅಮ್ಮನನ್ನು ಕಳಿಸಿದ್ದರು. ಹಾಗೆ ಕಳಿಸುವುದೇ ನಮ್ಮ ಪದ್ಧತಿ.

ವಾಪಸು ಬಂದ ಮೇಲೆ ಮಾರ್ಗರೆಟ್ ಕರೆದರು. ಹಾಲು ಹಾಕಿದ ಟೀ ಕೊಟ್ಟರು. ಆಮೇಲೆ ಪಿಯಾನೋದ ಮುಂದೆ ಕೂತರು. ಎದುರಿಗಿಟ್ಟ ಹಾಳೆಯಲ್ಲಿ ಅವತ್ತು ಖಾಲಿ ಬಿಟ್ಟಿದ್ದ ಮೇಲ್ಭಾಗದಲ್ಲಿ ಈಗ ದೊಡ್ಡ ಅಕ್ಷರದಲ್ಲಿ ಕಮಲಮ್ಮ ಎಂದಿತ್ತು. ಮಾರ್ಗರೆಟ್‌ರ ಹೆಸರು ಎಲ್ಲಿಯೂ ಇರಲಿಲ್ಲ. ಬಾರಿಸತೊಡಗಿದರು. ಅಮ್ಮನ ಒಪ್ಪಿಸುವ ಹಾಡು, ಎಡಗೈಯಲ್ಲಿ ಅದಕ್ಕೊಂದು ಆಸರೆ ಕೊಟ್ಟು, ತಮ್ಮ ದೇಶದ ಹಾಡುಗಳಿಗೆ ಕೊಡುವ ಹಾಗೆ. ರಂಗೋಲಿಯ ಸಾಲು ಬಂತು. ಕೊನೆಯ ಮಾತಿನ ಹತ್ತಿರ ಅವರು ಎರಡೂ ಕೈಗಳನ್ನು ಮೇಲೆತ್ತಿ ಸುಮ್ಮನಾದರು. ಹಾಳೆಯಲ್ಲಿ ಅಲ್ಲಿ ಏನೂ ಬರೆದಿರಲಿಲ್ಲ. ಹತ್ತಿರದ ಸ್ವರ ಹಾಕಲು ಮನಸ್ಸು ಬರಲಿಲ್ಲ, ಅದು ನಿಮ್ಮ ತಾಯಿಯ ಜಾಗ, ಎಂದರು. ಮುಂದಿನ ಸಾಲಿಗೆ ಹೋದರು. ಮಲ್ಲಿಗೆಗೆ ನೀರು ಯಾರು ಎರೆವರು ಎಂಬಲ್ಲಿ ಮತ್ತೆ ಕೈ ಎತ್ತಿದರು. ಮನೆಯೆಲ್ಲ ನಿಶ್ಶಬ್ದವಾಯಿತು. ಹೊರಗೆ ಯಾರದೋ ಲಾನ್ ಮೂವರ್ ಮಾತ್ರ ಕೇಳಿಸುತ್ತಿತ್ತು.

ಆ ಮೌನದೊಳಗೆ ನಾನು ಬಾಯಿ ತೆರೆದೆ. ಕಮಲಮ್ಮನ ಮಗಳು, ಮೇಷ್ಟ್ರು ಡ್ರಾಯಿಂಗ್‌ಗೆ ಕಳಿಸಿದವಳು, ಹಾಡಬೇಕೆಂದೇ ತೆರೆದೆ. “ಅಮ್ಮಾ” ಎಂದು ಬಂತು. ಶ್ರುತಿ ಸೇರಲಿಲ್ಲ, ಜಾರು ನಡುಕ ಯಾವುದೂ ಬರಲಿಲ್ಲ. ಅದು ಹಾಡಾಗಲೇ ಇಲ್ಲ. ಸ್ಕೂಲಿನಿಂದ ಬಂದು ಚೀಲ ಬಿಸಾಡಿ ಒಳಗೆ ಕೂಗುವ ಹಾಗಿತ್ತು. ಮಾರ್ಗರೆಟ್ ಎತ್ತಿದ ಕೈಗಳನ್ನು ತೊಡೆಯ ಮೇಲೆ ಇಳಿಸಿಕೊಂಡರು, ಮುಂದಕ್ಕೆ ಬಾರಿಸಲಿಲ್ಲ.

ಮರುವರ್ಷ ಅವರು ಇಂಗ್ಲೆಂಡಿನಲ್ಲಿರುವ ತಂಗಿಯ ಮನೆಗೆ ಹೋಗಿಬಿಟ್ಟರು. ಆ ಮನೆಯಲ್ಲೀಗ ಬೇರೆ ಯಾರೋ ಇದ್ದಾರೆ. ಮೇಧಾ ರಜೆ ಮುಗಿಸಿ ಆಸ್ಟಿನ್‌ಗೆ ಹೊರಡುವಾಗ ಮತ್ತೆ ಕೇಳಿದಳು, “ಅಮ್ಮಾ, ಸೀರಿಯಸ್ಲಿ, ಅಜ್ಜಿ ಹಾಡಲ್ಲಿ ಅದೇ ಜಾಗಕ್ಕೆ ಯಾಕೆ ಸ್ಟಾಪ್ ಮಾಡ್ತೀಯಾ? ಮರೆತೋಗತ್ತಾ?” ಕಾರಿಗೆ ಉಪ್ಪಿನಕಾಯಿ ಬಾಟಲಿ ಇಡುವ ನೆಪದಲ್ಲಿ ತಪ್ಪಿಸಿಕೊಂಡೆ. ಮರೆಯುವುದಿಲ್ಲ ಮೇಧಾ. ಆ ಜಾಗಕ್ಕೆ ಬಂದಾಗ ನನ್ನ ಬಾಯಲ್ಲಿ ಬರುವುದು ಹಾಡಲ್ಲ, ಕೂಗು. ಕೂಗಿದ ಮೇಲೆ ‘ಓ’ ಅನ್ನಲು ಒಳಗೆ ಯಾರಾದರೂ ಇರಬೇಕಲ್ಲ.